ಹಿಂದಿನ ಕೋಣೆಯ ಬಣ್ಣ

ನನ್ನ ಬಣ್ಣದಂಗಡಿಗೆ,

ನೀನಿದ್ದಾಗ ನಾನು ನಿನಗೆ ಪತ್ರ ಬರೆದವನಲ್ಲ. ಅದರ ಪ್ರಸಂಗವೇ ಬರಲಿಲ್ಲ. ಬೆಳಿಗ್ಗೆ ಒಂದೇ ಬಾಗಿಲಿನಿಂದ ಹೊರಟು ಸಂಜೆ ಅದೇ ಬಾಗಿಲಿಗೆ ಬಂದು ಸೇರುವವರ ನಡುವೆ ಪತ್ರ ಯಾಕೆ? ಹೇಳಬೇಕಾದ್ದನ್ನೆಲ್ಲ ಊಟದ ಮೇಜಿನಲ್ಲಿ ಹೇಳಿಕೊಳ್ಳುತ್ತಿದ್ದೆವು. ಮೇಜು ಈಗಲೂ ಇದೆ. ಎದುರಿಗೆ ಪಿಟೀಲು ಕೂತಿರುತ್ತಾಳೆ. ನಮ್ಮ ಮಗಳಿಗೆ ತೊಟ್ಟಿಲಲ್ಲೇ ನೀನು ಇಟ್ಟ ಆ ಹೆಸರು ಇನ್ನೂ ಬಿಟ್ಟುಹೋಗಿಲ್ಲ, ನಡುವೆ ಎಷ್ಟೋ ತಿಂಗಳು ಅವಳು ಕುಂಯ್‌ಗುಟ್ಟುವುದನ್ನೇ ಬಿಟ್ಟಿದ್ದರೂ. ಈ ವಿಷಯವನ್ನು ಅವಳೆದುರು ಹೇಳುವ ಹಾಗಿರಲಿಲ್ಲ. ಹಾಗಾಗಿ ಕಾಗದ ಹಿಡಿದು ಕೂತಿದ್ದೇನೆ.

ಮೊದಲು ಸುದ್ದಿ ಹೇಳಿಬಿಡುತ್ತೇನೆ. ಸುತ್ತಿ ಬಳಸಿ ಹೇಳಿದರೆ ನಿನಗೆ ರೇಗುತ್ತದೆ. ನಿನ್ನ ಮನೆ ಹೋಯಿತು. ಆಟದ ಡಬ್ಬದೊಳಗೆ ನೀನು ಕಟ್ಟುತ್ತಿದ್ದ ಮನೆ. ಬಾಗಿಲು, ಕಿಟಕಿ, ಗೋಡೆ, ಒಂದೂ ಉಳಿದಿಲ್ಲ. ಕಾರಣ ಒಂದೇ ಒಂದು ಮಾತು. ಅದು ಹೇಗಾಯಿತು ಎಂಬುದನ್ನು ನಡೆದ ಕ್ರಮದಲ್ಲೇ ಬರೆಯುತ್ತೇನೆ.

ಆ ಡಬ್ಬವನ್ನು ಮನೆಗೆ ತಂದವಳು ನೀನೇ. ನೀನು ಕೆಲಸ ಮಾಡುತ್ತಿದ್ದ ಪೇಂಟ್ ಅಂಗಡಿಗೆ ಬರುತ್ತಿದ್ದ ಕಂಟ್ರಾಕ್ಟರ್ ಒಬ್ಬ ತನ್ನ ಮಗನಿಗೆ ಟೀವಿಯಲ್ಲಿ ಆಟ ಆಡುವ ಹೊಸ ಕನ್ಸೋಲ್ ಕೊಡಿಸಿ ಹಳೆಯದನ್ನು ಮೂಲೆಗೆ ಹಾಕಿದ್ದ. ನೀನು ಅದನ್ನು ಕೇಳಿಕೊಂಡು ಪಿಟೀಲಿಗಾಗಿ ತಂದೆ. ಪ್ರೈಮರ್ ತುಂಬಿ ಬರುವ ರಟ್ಟಿನ ಪೆಟ್ಟಿಗೆಯಲ್ಲಿ ಬಂದಿತ್ತಲ್ಲ, ಅದಕ್ಕೋ ಏನೋ, ನಮ್ಮಲ್ಲಿ ಅದಕ್ಕೆ ಡಬ್ಬ ಎಂದೇ ಹೆಸರಾಯಿತು.

"ಅದು ಡಬ್ಬ ಅಲ್ಲಮ್ಮ, ಗೇಮ್ ಕನ್ಸೋಲ್. ನನ್ನ ಫ್ರೆಂಡ್ಸ್ ಮುಂದೆ ಡಬ್ಬ ಅನ್ಬೇಡ, ಮರ್ಯಾದೆ ಹೋಗುತ್ತೆ" ಎಂದು ಅವಳು ತಿದ್ದಿದಾಗ ನೀನು, "ನಿನ್ನ ಮರ್ಯಾದೆ ಡಬ್ಬದೊಳಗಿದ್ಯಾ? ಹಾಗಾದ್ರೆ ಮುಚ್ಚಳ ಭದ್ರವಾಗಿ ಹಾಕಿಡು" ಎಂದಿದ್ದೆ.

ಒಂದಷ್ಟು ಕಾಲ ಅವಳು ಹಗಲೂ ಸಂಜೆ ಅದರ ಮುಂದೆಯೇ ಇದ್ದಳು. ಆಮೇಲೆ ಈಜು ಕಲಿಯುವ ಹುಚ್ಚು ಹತ್ತಿತು. ಅವಳು ಈಜುಕೊಳಕ್ಕೆ ಹೋಗುತ್ತಿದ್ದ ಸಂಜೆಗಳಲ್ಲಿ ನೀನು ಡಬ್ಬವನ್ನು ಹಚ್ಚತೊಡಗಿದೆ. ಧೂಳು ಒರೆಸುವಾಗ ತಾನಾಗಿಯೇ ಆನ್ ಆಯಿತು ಎಂದು ಮೊದಲ ದಿನ ನೀನು ಹೇಳಿದ್ದನ್ನು ನಾನು ನಂಬಿದ ಹಾಗೆ ಮಾಡಿದೆ. ಹಾಗೆ ತಾನಾಗಿ ಆನ್ ಆದದ್ದು ವಾರದಲ್ಲಿ ಎಷ್ಟೋ ಸಲ.

ಅದು ಮನೆ ಕಟ್ಟುವ ಆಟ. ಖಾಲಿ ಜಾಗ ಕೊಡುತ್ತಾರೆ. ಗೋಡೆ ಎಬ್ಬಿಸಬೇಕು, ಕಿಟಕಿ ಇಡಬೇಕು, ಬಣ್ಣ ಹೊಡೆಯಬೇಕು. ಯಾರೂ ಯಾರನ್ನೂ ಅಟ್ಟಿಸಿಕೊಂಡು ಬರುವುದಿಲ್ಲ, ಗುಂಡು ಹಾರುವುದಿಲ್ಲ. ಪಿಟೀಲು ಅದನ್ನು "ಅಜ್ಜಿ ಗೇಮ್" ಎಂದು ಕರೆಯುತ್ತಿದ್ದಳು. ನಿನಗೆ ಅದು ಯಾಕೆ ಹಿಡಿಸಿತು ಎಂದು ನಾನು ಕೇಳಲಿಲ್ಲ, ಕೇಳಬೇಕಾದ ಅಗತ್ಯ ಇರಲಿಲ್ಲ. ದಿನವಿಡೀ ನಿನ್ನ ಕೆಲಸ ಬೇರೆಯವರ ಗೋಡೆಗೆ ಬಣ್ಣ ಬೆರೆಸುವುದು. ಶೇಡ್ ಕಾರ್ಡ್ ಹರಡಿ, ಕೌಂಟರಿನಾಚೆ ಗಂಡ ಹೆಂಡತಿ ಜಗಳವಾಡಿ ಒಂದು ಬಣ್ಣಕ್ಕೆ ಬರುವವರೆಗೆ ಕಾದು, ಯಂತ್ರಕ್ಕೆ ನಂಬರ್ ಕೊಟ್ಟು, ಬಿಳಿಯ ಮೇಲೆ ಬಣ್ಣ ಹನಿಹನಿಯಾಗಿ ಬೀಳುವುದನ್ನು ನೋಡಿ, ಡಬ್ಬವನ್ನು ಕುಲುಕಲು ಇಟ್ಟು, ಕಡೆಗೆ ಬೆರಳಿನಲ್ಲಿ ಅದ್ದಿ ಮುಚ್ಚಳದ ಮೇಲೆ ಒಂದು ಚುಕ್ಕೆ ಇಟ್ಟು ಕೊಡುವುದು. ಆ ಚುಕ್ಕೆ ನಿನ್ನ ಉಗುರಿನ ಸಂದಿಯಲ್ಲಿ ಮನೆಗೆ ಬರುತ್ತಿತ್ತು. ಊಟಕ್ಕೆ ಕೂತಾಗ ನಿನ್ನ ತೋರುಬೆರಳು ನೋಡಿ, ಊರಿನಲ್ಲಿ ಇವತ್ತು ಯಾರದೋ ಮನೆ ನೀಲಿಯಾಯಿತು ಎಂದು ನಾನು ಹೇಳುತ್ತಿದ್ದೆ.

ನಾವು ಮಾತ್ರ ಮದುವೆಯಾದಾಗಿನಿಂದ ಬಾಡಿಗೆ ಮನೆಗಳಲ್ಲಿ. ಯಾವ ಮನೆಗೆ ಹೋದರೂ ಗೋಡೆಗೆ ಒಂದೇ ಬಣ್ಣ. ಅದಕ್ಕೆ ನೀನು ಇಟ್ಟ ಹೆಸರು "ಹಾಲು ಒಡೆದ ಬಣ್ಣ". ಮಾಲೀಕರು ಬೀಗದ ಕೈ ಕೊಡುವಾಗ ಹೇಳುವ ಮಾತೂ ಒಂದೇ: ಮೊಳೆ ಹೊಡೆಯಬೇಡಿ, ಬಣ್ಣ ಬದಲಿಸಬೇಡಿ. "ಬಾಣಸಿಗನ ಮನೇಲಿ ಗಂಜಿ ಕುಡಿದ ಹಾಗಾಯ್ತು ನಮ್ಮ ಬಾಳು" ಎಂದು ಅದೇ ಗೋಡೆಗೆ ಒರಗಿ ನೀನು ನಗುತ್ತಿದ್ದೆ.

ಆ ಮನೆಯನ್ನು ನೀನು ನಮಗೆ ತೋರಿಸಲಿಲ್ಲ. ನಾನು ಟೀವಿಯ ಕಡೆ ಸುಳಿದರೆ ಆರಿಸಿಬಿಡುತ್ತಿದ್ದೆ. "ಅರ್ಧ ಹೊಡೆದ ಗೋಡೆ ನೋಡಿದ ಗಿರಾಕಿ ಬಣ್ಣ ಸರಿಯಿಲ್ಲ ಅಂತಾನೇ ಹೇಳೋದು. ಎರಡನೇ ಕೋಟ್ ಒಣಗ್ಲಿ, ಆಮೇಲೆ ಕರೀತೀನಿ" ಎಂಬುದು ನಿನ್ನ ನಿಯಮ. ಆದರೆ ಊಟದ ಹೊತ್ತಿಗೆ ಬಾಯಿ ಕಟ್ಟಿಕೊಳ್ಳುವುದು ನಿನ್ನಿಂದ ಆಗುತ್ತಿರಲಿಲ್ಲ. ಪಿಟೀಲು ಕಿವಿಗೆ ಬಿರಡೆ ಹಾಕಿಕೊಂಡು ತನ್ನ ಹಾಡಿನಲ್ಲಿ ಇರುತ್ತಿದ್ದಳು. ಕೇಳುವವನು ನಾನೊಬ್ಬನೇ.

"ಒಂದೇ ಅಂತಸ್ತು. ಮೆಟ್ಟಿಲೂ ಇಲ್ಲ, ಲಿಫ್ಟೂ ಇಲ್ಲ. ನಿಮ್ಮ ಕೆಲಸಕ್ಕೆ ನಮ್ಮನೇಲಿ ಪ್ರವೇಶ ಇಲ್ಲ, ಮಹಡಿರಾಯ್ರೇ."

ಲಿಫ್ಟ್ ರಿಪೇರಿಯವನಿಗೆ ಅದಕ್ಕಿಂತ ಒಳ್ಳೆಯ ಮನೆ ಯಾವುದು? ಮುಂಬಾಗಿಲಿಗೆ ತುಕ್ಕಿನ ಕೆಂಪು ಹೊಡೆದೆ, ಮೂರು ಸಲ ಹೊಡೆದು ಮೂರು ಸಲ ಕೆರೆದೆ ಎಂದು ನೀನು ಹೇಳಿದೆ. ಹಜಾರಕ್ಕೆ ಮಬ್ಬು ನೀಲಿ. ಅಡುಗೆಮನೆಯ ಕಿಟಕಿ ಬೆಳಗಿನ ಕಡೆಗೆ, ಅದರ ಚೌಕಟ್ಟಿಗೆ ಮಾತ್ರ ಹಳದಿ. ಪಿಟೀಲಿನ ಕೋಣೆಗೆ ಎಳೆ ಹಸಿರು ಮತ್ತು ದಪ್ಪ ಬಾಗಿಲು, "ಅವಳು ರಾಗ ಎಳೆದ್ರೆ ನಮಗೆ ಕೇಳಬಾರದು". ಹಿಂದೆ ಇನ್ನೊಂದು ಕೋಣೆ ಇದೆ ಎಂದೂ ಹೇಳಿದೆ. ಅದು ಯಾರಿಗೆ ಎಂದು ನಾನು ಕೇಳಿದೆ.

"ನಮ್ಮಿಬ್ಬರಿಗೆ. ಮುದುಕರಾದ ಮೇಲೆ."

"ಯಾವ ಬಣ್ಣ?"

"ಅದನ್ನ ಹೇಳಲ್ಲ. ನೋಡಿದಾಗ್ಲೇ ಗೊತ್ತಾಗ್ಬೇಕು. ನನ್ನ ಶೇಡ್ ಕಾರ್ಡಲ್ಲಿ ಆ ನಂಬರ್ರೇ ಇಲ್ಲ."

ಆಮೇಲೆ ಆ ಬುಧವಾರ ಬಂತು. ನಿನ್ನ ಮೇಲೇ ನಡೆದದ್ದನ್ನು ನಿನಗೆ ಹೇಳುವುದು ವಿಚಿತ್ರ, ಆದರೆ ನಿನಗೆ ಗೊತ್ತಿರುವುದು ಮೊದಲ ಅರ್ಧ ಮಾತ್ರ. ತಲೆ ಹಿಡಿದುಕೊಂಡು ಕೌಂಟರಿನ ಹಿಂದೆ ಕೂತೆಯಂತೆ. ಡಬ್ಬ ಕುಲುಕುವ ಯಂತ್ರ ಇನ್ನೂ ಓಡುತ್ತಿತ್ತಂತೆ. ಮೆದುಳಿನಲ್ಲಿ ರಕ್ತನಾಳ ಒಡೆದಿದೆ ಎಂದರು ಡಾಕ್ಟರು. ನಾನು ಆಸ್ಪತ್ರೆಗೆ ಬರುವ ಹೊತ್ತಿಗೆ ನಿನ್ನ ತೋರುಬೆರಳಿನ ಉಗುರಿನಲ್ಲಿ ಹಳದಿ ಇತ್ತು. ಬೆರಳಿಗೆ ಕ್ಲಿಪ್ ಹಾಕಬೇಕೆಂದು ನರ್ಸ್ ಅದನ್ನು ಸ್ಪಿರಿಟ್‌ನಲ್ಲಿ ಒರೆಸಿದರು. ಒರೆಸಬೇಡಿ ಎಂದು ಹೇಳಲು ನನಗೆ ಕಾರಣ ಸಿಗಲಿಲ್ಲ. ನೀನು ಮತ್ತೆ ಕಣ್ಣು ಬಿಡಲಿಲ್ಲ.

ಅಲ್ಲಿಂದಾಚೆ ಡಬ್ಬವನ್ನು ನಾವಿಬ್ಬರೂ ಮುಟ್ಟಲಿಲ್ಲ. ಪಿಟೀಲು ಈಜು ಬಿಟ್ಟಳು. ಗೆಳತಿಯರ ಫೋನ್ ಬಂದರೆ ಅದು ಬಡಿದುಕೊಂಡು ಸುಮ್ಮನಾಗುವವರೆಗೆ ನೋಡುತ್ತಾ ಕೂರುತ್ತಿದ್ದಳು. ನಾನು ಏನು ತಂದರೂ ತಿನ್ನುತ್ತಿದ್ದಳು, ಏನು ಹೇಳಿದರೂ ಹೂಂ ಅನ್ನುತ್ತಿದ್ದಳು. ಮಕ್ಕಳು ಹೇಳಿದ ಮಾತು ಕೇಳಲಿ ಎಂದು ನಾವು ಎಷ್ಟು ಬಡಿದಾಡಿದ್ದೆವು! ಹೇಳಿದ್ದಕ್ಕೆಲ್ಲ ಹೂಂ ಅನ್ನುವ ಮಗಳಷ್ಟು ಹೆದರಿಕೆ ಹುಟ್ಟಿಸುವುದು ಇನ್ನೊಂದಿಲ್ಲ.

ಹೀಗಿರುವಾಗ ಒಂದು ಭಾನುವಾರ ಬೆಳಿಗ್ಗೆ ಅವಳಾಗಿಯೇ ಬಾಯಿ ಬಿಟ್ಟಳು.

"ಅಪ್ಪ, ಒಂದು ಗೇಮ್ ಹಾಕ್ಕೊಳ್ಳಲಾ? ಕ್ಲಾಸ್ನೋರೆಲ್ಲ ಆಡ್ತಿದ್ದಾರೆ. ನಾಲ್ಕು ಜನ ಸೇರಿ ಆಡೋದು. ನಂಗೋಸ್ಕರ ಒಂದು ಜಾಗ ಖಾಲಿ ಇಟ್ಕೊಂಡಿದ್ದಾರಂತೆ."

ನೀನು ಹೋದ ಮೇಲೆ ಅವಳು ನನ್ನಲ್ಲಿ ಕೇಳಿದ ಮೊದಲನೆಯ ವಸ್ತು ಅದು. ಚಂದ್ರನನ್ನು ಕೇಳಿದ್ದರೂ ಏಣಿ ಹುಡುಕಲು ಹೊರಡುತ್ತಿದ್ದೆ. "ಹಾಕ್ಕೋ, ಅದಕ್ಕೇನು" ಎಂದೆ.

"ಜಾಗ ಇಲ್ಲ ಅಂತಿದೆ. ಡಬ್ಬ ಫುಲ್ ಆಗಿದೆ."

ಡಬ್ಬ ಎಂದಳು. ಕನ್ಸೋಲ್ ಎನ್ನಲಿಲ್ಲ. ಅದನ್ನು ನಾನು ಗಮನಿಸಿದೆ.

ಇಲ್ಲಿ ನಿನಗೆ ಗೊತ್ತಿರುವ ಒಂದು ಕಥೆಯನ್ನು ಮತ್ತೆ ಹೇಳಬೇಕು. ಇಲ್ಲದಿದ್ದರೆ ಮುಂದಿನದು ಅರ್ಥವಾಗುವುದಿಲ್ಲ. ನಾನು ಹೊಸದಾಗಿ ಲಿಫ್ಟ್ ಕೆಲಸಕ್ಕೆ ಸೇರಿದಾಗ ನಮ್ಮ ಮೇಸ್ತ್ರಿ ಒಂದು ದಿನ ಲಿಫ್ಟಿನ ನೆತ್ತಿಯ ಮೇಲೆ ನಿಂತು, ಮೇಲಿನ ಮಹಡಿಯಲ್ಲಿದ್ದವನಿಗೆ "ಬಾಗಿಲು ತೆಗಿ" ಎಂದು ಕೂಗಿದರು. ಬಾಗಿಲು ಸರಿಸಿ ದಾರಿ ಮಾಡು ಎಂದು ಅವರ ಅರ್ಥ. ಮೇಲಿದ್ದವನು ಬಾಗಿಲನ್ನೇ ತೆಗೆದ. ನಟ್ಟು ಬಿಚ್ಚಿ, ಕೊಂಡಿ ಕಳಚಿ, ಇಡೀ ಕದವನ್ನು ಕೈಗೆ ತೆಗೆದುಕೊಂಡ. ಭಾರ ತಡೆಯಲಾರದೆ ಬಿಟ್ಟ. ಅದು ಮೇಸ್ತ್ರಿಯ ಪಕ್ಕದಲ್ಲೇ ಜಾರಿ ಲಿಫ್ಟಿನ ತಳದ ಗುಂಡಿಗೆ ಬಿತ್ತು. ಯಾರೂ ಸಾಯಲಿಲ್ಲ, ಗುಂಡಿಯಲ್ಲಿಟ್ಟಿದ್ದ ಮೇಸ್ತ್ರಿಯ ಊಟದ ಕ್ಯಾರಿಯರ್ ಚಪಾತಿಯಾಯಿತು. "ತೆಗಿ ಅಂದ್ರಲ್ಲ, ತೆಗೆದೆ" ಎಂದ ಅವನು. ಅವನ ಮಾತಿನಲ್ಲಿ ತಪ್ಪು ಹುಡುಕಲು ಯಾರಿಗೂ ಆಗಲಿಲ್ಲ. ಅಂದಿನಿಂದ ನಮ್ಮ ಗುಂಪಿನಲ್ಲಿ "ತೆಗಿ" ಎನ್ನುವ ಮಾತಿಗೆ ಬಹಿಷ್ಕಾರ. ತೆರೆಯುವುದಾದರೆ "ಓಪನ್", ಕಳಚುವುದಾದರೆ "ಬಿಚ್ಚು". ಹೊಸಬರಿಗೆ ನಾನು ಮೊದಲು ಕಲಿಸುವುದು ಇದನ್ನೇ. ಪಾನಾ ಹಿಡಿಯುವುದು ಆಮೇಲೆ.

ಆ ಅಭ್ಯಾಸ ಮನೆಗೂ ಬಂತು. ಬೆಲ್ ಒತ್ತಿ "ಬಾಗಿಲು ಓಪನ್ ಮಾಡು" ಎಂದು ಕೂಗುತ್ತಿದ್ದೆ. "ತೆಗಿ ಅಂದ್ರೆ ನಾಲಿಗೆ ಸವೆಯುತ್ತಾ? ಹೆದರ್ಬೇಡಿ, ಬಿಚ್ಚಿ ನಿಮ್ಮ ತಲೆ ಮೇಲೆ ಹಾಕಲ್ಲ" ಎಂದು ನೀನು ಒಳಗಿನಿಂದ. ಬೇಕೆಂದೇ ನೀನು ಎಲ್ಲದಕ್ಕೂ ತೆಗಿ ಅನ್ನುತ್ತಿದ್ದೆ. ಬಾಗಿಲು ತೆಗಿ, ಮುಚ್ಚಳ ತೆಗಿ, ಕಿಟಕಿ ತೆಗಿ, ಮೇಜಿನ ಮೇಲಿರೋದು ತೆಗಿ. ಪಿಟೀಲು ನಿನ್ನನ್ನು ನೋಡಿಯೇ ಕಲಿತಳು. ಹೊರಗೆ ನಿಂತು "ಅಪ್ಪಾ, ಬಾಗಿಲು ತೆಗಿ, ಆದ್ರೆ ಬಿಚ್ಬೇಡ" ಎಂದು ಇಡೀ ಕಟ್ಟಡಕ್ಕೆ ಕೇಳುವ ಹಾಗೆ ಕೂಗುವುದು ಅವಳಿಗೊಂದು ಆಟವಾಗಿತ್ತು.

ಆ ಭಾನುವಾರ ಇಬ್ಬರೂ ಟೀವಿಯ ಮುಂದೆ ಕೂತೆವು. ಅವಳು ನೆಲದ ಮೇಲೆ, ನಾನು ಹಿಂದೆ ಕುರ್ಚಿಯಲ್ಲಿ. ಡಬ್ಬದ ಒಳಗೆ ಏನೇನಿದೆ, ಯಾವುದು ಎಷ್ಟು ಜಾಗ ಹಿಡಿದಿದೆ ಎಂದು ಸಾಲಾಗಿ ಬಂತು. ಅಟ್ಟ ಗುಡಿಸಿದ ಹಾಗಿತ್ತು. ಕಾರು ಓಡಿಸುವ ಆಟ ಅರ್ಧ ಅಟ್ಟವನ್ನೇ ಹಿಡಿದಿತ್ತು. "ತೆಗೀಲಾ?" ಎಂದಳು, ಹೂಂ ಎಂದೆ. ಕಾಲ್ಚೆಂಡಿನ ಆಟ. "ತೆಗೀಲಾ?" ಹೂಂ. ಅವಳು ಆಡಿದ್ದನ್ನೆಲ್ಲ ಡಬ್ಬ ತಾನಾಗಿಯೇ ಚಿತ್ರೀಕರಿಸಿ ಇಟ್ಟುಕೊಂಡಿದ್ದ ವಿಡಿಯೋಗಳು. ಮೊಲ ಹಾರುವ ಒಂದು ಆಟದಲ್ಲಿ ಎಲ್ಲ ಸಲವೂ ಅದೇ ಹಳ್ಳಕ್ಕೆ ಬೀಳುತ್ತಿದ್ದದ್ದನ್ನು ನೋಡಿ ಸ್ವಲ್ಪ ಮುಗುಳ್ನಕ್ಕಳು. "ಎಷ್ಟು ಪೆದ್ದಿ ಇದ್ದೆ ಅಲ್ವಾ ಅಪ್ಪ?" ಎಂದಳು. "ಇದ್ದೆ ಅಂತ ಯಾಕೆ ಭೂತಕಾಲದಲ್ಲಿ ಹೇಳ್ತೀಯ?" ಎಂದೆ. ಹಿಂದಕ್ಕೆ ತಿರುಗದೆ ನನ್ನ ಕಾಲಿಗೆ ಒಂದು ಗುದ್ದು ಕೊಟ್ಟಳು. ಆ ಗುದ್ದಿಗೆ ನನಗಾದ ಸಂತೋಷವನ್ನು ಬರೆಯಲು ಬರುವುದಿಲ್ಲ.

ಇಷ್ಟಾದರೂ ಜಾಗ ಸಾಲಲಿಲ್ಲ. ಅವಳು ಸಾಲಿನಲ್ಲಿ ಕೆಳಗೆ ಇಳಿದಳು, ನಿಂತಳು. ನಿನ್ನ ಆಟ. ಒಂದು ಪುಟ್ಟ ಮನೆಯ ಚಿತ್ರ, ಅದರ ಪಕ್ಕ ಕೊನೆಯ ಸಲ ಆಡಿದ ತಾರೀಖು. ಆ ಬುಧವಾರದ ಹಿಂದಿನ ಸಂಜೆ.

"ಅಪ್ಪ, ಇದು?" ಎಂದಳು.

ಅವಳ ಬೆನ್ನು ಮಾತ್ರ ನನಗೆ ಕಾಣುತ್ತಿತ್ತು. ನನ್ನ ತಲೆಯಲ್ಲಿದ್ದದ್ದು ಇಷ್ಟು: ಇವತ್ತು ನೋಡೋಣ. ಎರಡನೇ ಕೋಟ್ ಒಣಗಿರಲಿ ಬಿಡಲಿ, ನಾವಿಬ್ಬರೂ ಒಟ್ಟಿಗೆ ಕೂತಿದ್ದೇವೆ, ಮಗಳು ನಗುತ್ತಿದ್ದಾಳೆ, ಇಂಥ ಗಳಿಗೆ ಮತ್ತೆ ಬರುತ್ತದೋ ಇಲ್ಲವೋ. ತುಕ್ಕಿನ ಕೆಂಪು ಬಾಗಿಲಿನಿಂದ ಒಳಗೆ ಹೋಗಿ ಹಿಂದಿನ ಕೋಣೆಯವರೆಗೂ ನಡೆಯೋಣ. ಬಣ್ಣ ಸರಿಯಾಗಿ ಕಾಣಬೇಕೆಂದರೆ ನನಗೆ ಕನ್ನಡಕ ಬೇಕು. ಎದ್ದೆ.

"ತೆಗಿ" ಎಂದೆ.

ಇಷ್ಟು ವರ್ಷ ನಾಲಿಗೆಯಿಂದ ದೂರ ಇಟ್ಟಿದ್ದ ಮಾತು ಆ ಹೊತ್ತಿಗೆ ಯಾಕೆ ಬಂತು ಎಂದು ಎಷ್ಟೋ ಯೋಚಿಸಿದ್ದೇನೆ. ಅದು ನಿನ್ನ ಮಾತು. ನಿನ್ನ ಮನೆಗೆ ಹೋಗುವಾಗ ನಿನ್ನ ಮಾತೇ ಬಂತು. ಬೇರೆ ಕಾರಣ ನನಗೆ ಹೊಳೆದಿಲ್ಲ.

ಕನ್ನಡಕ ಹಾಸಿಗೆಯ ಪಕ್ಕದಲ್ಲಿರಲಿಲ್ಲ, ಅಂಗಿಯ ಜೇಬಿನಲ್ಲಿತ್ತು. ಗಾಜು ಒರೆಸಿಕೊಂಡು ಬಂದು ಕುರ್ಚಿಯನ್ನು ಟೀವಿಯ ಹತ್ತಿರಕ್ಕೆ ಎಳೆದುಕೊಂಡು ಕೂತೆ. ಪರದೆಯ ಮೇಲೆ ಮನೆ ಇರಲಿಲ್ಲ. ಸಾಲು ಗಿಡ್ಡವಾಗಿತ್ತು.

"ಆಯ್ತಪ್ಪ. ಸೇವ್ ಆಗಿರೋದನ್ನೂ ತೆಗೀಬೇಕಾ ಅಂತ ಕೇಳ್ತು. ಎಲ್ಲಾ ತೆಗೆದೆ" ಎಂದಳು. ಇನ್ನೂ ತಿರುಗಿರಲಿಲ್ಲ. "ನಿಂಗೆ ನೋಡಕ್ಕಾಗಲ್ಲ ಅಂತ ಎದ್ದು ಹೋದೆ ಅಂತ ಗೊತ್ತಾಯ್ತು. ಅದಕ್ಕೆ ನೀನು ಬರೋದ್ರೊಳಗೆ ಬೇಗ ಬೇಗ ಮಾಡ್ಬಿಟ್ಟೆ."

ಅವಳ ದನಿ ನೆಟ್ಟಗಿತ್ತು. ನನ್ನನ್ನು ಕಾಪಾಡಲು ಅವಳು ಅದನ್ನು ಮಾಡಿದ್ದಳು. ತನಗೆ ಬೇಡದಿದ್ದರೂ, ಅಪ್ಪನಿಗೆ ಬೇಕಿದೆ ಎಂದು, ಒಬ್ಬಳೇ, ಬೆನ್ನು ಮಾಡಿಕೊಂಡು. ಬಣ್ಣದಂಗಡಿ, ನೀನು ಆ ಕೋಣೆಯಲ್ಲಿದ್ದಿದ್ದರೆ ಏನು ಹೇಳುತ್ತಿದ್ದೆ? ನನಗೆ ಹೊಳೆದದ್ದು ಒಂದೇ.

"ಸರಿ ಮಾಡ್ದೆ. ಅದನ್ನೇ ಹೇಳಿದ್ದು" ಎಂದೆ.

ಆಗ ತಿರುಗಿದಳು. ಹತ್ತಿರಕ್ಕೆ ಎಳೆದ ಕುರ್ಚಿಯನ್ನು ನೋಡಿದಳು, ಮೂಗಿನ ಮೇಲಿದ್ದ ಕನ್ನಡಕವನ್ನು ನೋಡಿದಳು.

"ಕನ್ನಡಕ ಯಾಕೆ?"

"ನಿನ್ನ ಹೊಸ ಆಟ ನೋಡೋಣ ಅಂತ. ಎಷ್ಟು ಜಾಗ ನುಂಗುತ್ತೋ ಏನೋ."

ಹೂಂ ಎಂದಳು.

ಹೊಸ ಆಟ ಡಬ್ಬಕ್ಕೆ ಇಳಿಯಲು ಮಧ್ಯಾಹ್ನದವರೆಗೂ ಹಿಡಿಯಿತು. ಸಂಜೆ ಅವಳು ತಲೆಗೆ ಹೆಡ್‌ಫೋನ್ ಹಾಕಿಕೊಂಡು ಕೂತಳು. ಆಚೆ ಕಡೆಯ ಗೆಳತಿಯರ ದನಿ ನನಗೆ ಕೇಳುವುದಿಲ್ಲ, ಇವಳದು ಮಾತ್ರ. "ಏ, ಎಡಕ್ಕೆ ಹೋಗೇ. ಎಡ ಅಂದ್ರೆ ಗೊತ್ತಿಲ್ವಾ ನಿಂಗೆ? ಊಟ ಮಾಡೋ ಕೈ ಅಲ್ಲ, ಇನ್ನೊಂದು." ಆಮೇಲೆ ನಕ್ಕಳು. ಮುಗುಳ್ನಗೆಯಲ್ಲ, ಹೊಟ್ಟೆ ಹಿಡಿದುಕೊಂಡು ನಕ್ಕದ್ದು. ನಾನು ಅಡುಗೆಮನೆಯಲ್ಲಿ ಪಾತ್ರೆ ತೊಳೆಯುತ್ತಿದ್ದೆ. ನಲ್ಲಿ ನಿಲ್ಲಿಸಿ ಕೇಳಿದೆ. ನಿನ್ನ ಮನೆ ಇದ್ದ ಜಾಗದಲ್ಲಿ ಈಗ ಆ ನಗು ಇದೆ. ಮನೆ ಬೇಕೋ ನಗು ಬೇಕೋ ಎಂದು ಯಾರಾದರೂ ಕೇಳಿದ್ದರೆ ಉತ್ತರಕ್ಕೆ ತಡವರಿಸುತ್ತಿರಲಿಲ್ಲ. ಯಾರೂ ಕೇಳಲಿಲ್ಲವಲ್ಲ ಎಂಬುದೇ ನನ್ನ ಸಂಕಟ.

ಮಾರನೆಯ ದಿನ ಕೆಲಸದ ನಡುವೆ ಕನ್ಸೋಲ್ ರಿಪೇರಿ ಮಾಡುವವನ ಅಂಗಡಿಗೆ ಹೋದೆ. ಬಿಚ್ಚಿದ ಯಂತ್ರಗಳ ನಡುವೆ ಒಬ್ಬ ಸಣ್ಣ ವಯಸ್ಸಿನವನು ಕೂತಿದ್ದ. ಅಳಿಸಿದ್ದು ವಾಪಸ್ ಬರುತ್ತದೆಯೇ ಎಂದು ಕೇಳಿದೆ. ಆನ್‌ಲೈನ್‌ನಲ್ಲಿ ಪ್ರತಿ ಇಟ್ಟಿದ್ದೀರಾ ಎಂದ. ಇಲ್ಲ, ಆ ಸೌಲಭ್ಯವನ್ನು ನಾವು ಯಾವತ್ತೂ ತೆಗೆದುಕೊಂಡವರಲ್ಲ. ಅಳಿಸಿದ ಮೇಲೆ ಹೊಸದೇನಾದರೂ ಹಾಕಿದ್ದೀರಾ ಎಂದ. ಹಾಕಿದ್ದೇವೆ.

"ಹಾಗಾದ್ರೆ ಹೋದ್ದು ಹೋಯ್ತು ಸರ್. ಇದು ಎಲ್ಲಾನೂ ಬೀಗ ಹಾಕಿ ಬರ್ಕೊಳ್ಳೋ ಮಷೀನು. ಕೀಲಿ ಇರೋದೂ ಅದರ ಹತ್ರಾನೇ" ಎಂದ. ಸ್ವಲ್ಪ ತಡೆದು, "ಜಾಗಕ್ಕೋಸ್ಕರ ಸೇವ್ ಅಳಿಸಬಾರದಿತ್ತು ಸರ್. ದೊಡ್ಡದು ಗೇಮು. ಸೇವ್ ಫೈಲ್ ಎಷ್ಟಿರುತ್ತೆ, ಒಂದು ಫೋಟೋದಷ್ಟೂ ಇರಲ್ಲ. ಗೇಮ್ ಒಂದನ್ನೇ ಅಳಿಸಿದ್ರೆ ಸಾಕಿತ್ತು. ಮತ್ತೆ ಯಾವಾಗ ಬೇಕಾದ್ರೂ ಹಾಕ್ಕೊಂಡು ಅಲ್ಲಿಂದಾನೇ ಶುರು ಮಾಡಬಹುದಿತ್ತು" ಎಂದ. ಅವನು ತಪ್ಪಾಗಿ ಏನೂ ಹೇಳಲಿಲ್ಲ. ಇದ್ದದ್ದನ್ನು ಹೇಳಿದ. ನಿನ್ನ ಇಡೀ ಮನೆ, ಕೆರೆದು ಕೆರೆದು ಹೊಡೆದ ಬಾಗಿಲು, ನಾವು ಮುದುಕರಾಗಬೇಕಿದ್ದ ಕೋಣೆ, ಎಲ್ಲ ಸೇರಿ ಒಂದು ಫೋಟೋದಷ್ಟೂ ಜಾಗ ತೆಗೆದುಕೊಂಡಿರಲಿಲ್ಲ.

ನಿನ್ನ ಹೆಸರು ಮಾತ್ರ ಡಬ್ಬದಲ್ಲಿ ಉಳಿದಿದೆ. ಆನ್ ಮಾಡಿದಾಗ ಯಾರು ಆಡುವವರು ಎಂದು ಕೇಳಿ ಎರಡು ಹೆಸರು ತೋರಿಸುತ್ತದೆ, ಪಿಟೀಲಿನದು ಮತ್ತು ನಿನ್ನದು. ಹೆಸರು ಜಾಗ ಹಿಡಿಯುವುದಿಲ್ಲವಂತೆ.

ಇಷ್ಟಕ್ಕೇ ಮುಗಿದಿದ್ದರೆ ಈ ಪತ್ರ ಬರೆಯುತ್ತಿದ್ದೆನೋ ಇಲ್ಲವೋ. ನನ್ನೊಳಗೆ ಇಟ್ಟುಕೊಂಡು ಇದ್ದುಬಿಡುತ್ತಿದ್ದೆ. ಅವಳಿಗೆ ಗೊತ್ತಾಗಬಾರದು ಎಂಬುದೊಂದೇ ನನ್ನ ಚಿಂತೆಯಾಗಿತ್ತು. ತಾನು ಅಮ್ಮನ ಮನೆಯನ್ನು ಒಂದು ಮಾತಿನ ತಪ್ಪಿಗೆ ಅಳಿಸಿದೆ ಎಂದು ಗೊತ್ತಾದರೆ, ಆ ನಗು ಇನ್ನೊಮ್ಮೆ ಒಳಗೆ ಹೋದರೆ, ಅದನ್ನು ಹೊರಗೆ ಕರೆಯುವ ಉಪಾಯ ನನ್ನಲ್ಲಿ ಇಲ್ಲ. ಹಾಗಾಗಿ ಅವಳೆದುರು ಎಚ್ಚರವಾಗಿದ್ದೆ. ಟೀವಿಯ ಕಡೆ ಹೆಚ್ಚು ನೋಡುತ್ತಿರಲಿಲ್ಲ. ಅವಳೂ ಸರಿಯಾಗಿಯೇ ಇದ್ದಳು. ಈಜಿಗೆ ಮತ್ತೆ ಹೋಗತೊಡಗಿದಳು. ಗೆಳತಿಯರ ಫೋನ್ ಎತ್ತುತ್ತಿದ್ದಳು.

ಆದರೆ ಏನೋ ಒಂದು ಹೊಂದುತ್ತಿರಲಿಲ್ಲ. ಲಿಫ್ಟ್ ಓಡುತ್ತಿರುತ್ತದೆ, ಬಾಗಿಲು ಹಾಕಿಕೊಳ್ಳುತ್ತದೆ, ಎಲ್ಲ ಸರಿ, ಆದರೂ ಕಿವಿಗೆ ಎಲ್ಲೋ ಒಂದು ಸಣ್ಣ ಸದ್ದು ಕಡಿಮೆ ಅನ್ನಿಸುತ್ತದಲ್ಲ, ಹಾಗೆ. ಯಾವ ಸದ್ದು ಎಂದು ತಿಳಿಯಲು ದಿನಗಳೇ ಬೇಕಾದವು. "ಅಪ್ಪ, ಆ ಬಾಟಲಿ ಮುಚ್ಚಳ ಬಿಚ್ಚಿ ಕೊಡು." "ಸೆಕೆ ಆಗ್ತಿದೆ, ಕಿಟಕಿ ಓಪನ್ ಮಾಡ್ಲಾ?" "ಮೇಜಿನ ಮೇಲಿರೋದೆಲ್ಲ ಎತ್ತಿಬಿಡ್ಲಾ?" ನನಗೆ ಅಭ್ಯಾಸವಾದ ಮಾತುಗಳೇ, ನನ್ನವೇ. ಅದಕ್ಕೇ ಬೇಗ ಹೊಳೆಯಲಿಲ್ಲ. ಅವು ಅವಳ ಬಾಯಲ್ಲಿ ಬರುತ್ತಿದ್ದವು.

ಮೊನ್ನೆ ಸಂಜೆ ಬೇಗ ಮನೆಗೆ ಬಂದಿದ್ದೆ. ಅವಳು ಈಜು ಮುಗಿಸಿ ಬಂದಳು. ಕೈಯಲ್ಲಿ ಚೀಲ, ಒದ್ದೆ ಟವೆಲು, ಬೀಗದ ಕೈ ಎಲ್ಲೋ ತಳದಲ್ಲಿ. ಬಾಗಿಲು ಬಡಿದಳು.

"ಅಪ್ಪಾ, ಬಾಗಿಲು ಓಪನ್ ಮಾಡು."

ಅಗುಳಿಯ ಮೇಲೆ ಕೈ ಇಟ್ಟು ನಿಂತುಬಿಟ್ಟೆ. ಅವಳಿಗೆ ಗೊತ್ತು. ಕನ್ನಡಕ ನೋಡಿದ ಗಳಿಗೆಯಿಂದಲೇ ಗೊತ್ತಿರಬೇಕು. ಜಾಗ ಎಷ್ಟಿದೆ ಎಂದು ನೋಡಲು ಯಾರೂ ಗಾಜು ಒರೆಸಿಕೊಂಡು ಕುರ್ಚಿ ಎಳೆದುಕೊಂಡು ಬರುವುದಿಲ್ಲ. ಇವಳು ನಿನ್ನ ಮಗಳು, ಚುಕ್ಕೆ ನೋಡಿ ಡಬ್ಬದೊಳಗಿನದನ್ನು ಹೇಳುವವಳು. ಗೊತ್ತಿದ್ದೂ, ನನಗೆ ಗೊತ್ತಾಗಬಾರದು ಎಂದು ನಕ್ಕಳು, ಈಜಿಗೆ ಹೋದಳು. ತೆಗಿ ಎಂಬ ಆ ಮಾತೊಂದನ್ನು ಮಾತ್ರ ಅವಳಿಂದ ಆಡಲಾಗಲಿಲ್ಲ. ನಾನು ಅವಳಿಂದ ಬಚ್ಚಿಟ್ಟದ್ದನ್ನೇ ಅವಳು ನನ್ನಿಂದ ಬಚ್ಚಿಟ್ಟುಕೊಂಡು, ಒಂದೇ ಮನೆಯಲ್ಲಿ ಇಬ್ಬರೂ ಲಿಫ್ಟ್ ಕೆಲಸದವರಾಗಿದ್ದೆವು.

ಬಾಗಿಲಿನ ಈಚೆಯಿಂದ ಹೇಳಿದೆ, ಸ್ವಲ್ಪ ಗಟ್ಟಿಯಾಗಿಯೇ. "ತೆಗೀತೀನಿ ಇರು. ತೆಗೀತೀನಿ, ಬಿಚ್ಚಲ್ಲ."

ತೆಗೆದೆ. ಅವಳು ಚೀಲ ಕೆಳಗಿಟ್ಟು ನಿಂತಿದ್ದಳು. ಕೂದಲಿನಿಂದ ನೀರು ತೊಟ್ಟಿಕ್ಕುತ್ತಿತ್ತು, ಮುಖದ ಮೇಲಿದ್ದದ್ದರಲ್ಲಿ ಯಾವುದು ಕೊಳದ್ದು, ಯಾವುದು ಅಲ್ಲ ಎಂದು ಹೇಳುವ ಹಾಗಿರಲಿಲ್ಲ.

"ನೀನು ನೋಡ್ಬೇಕು ಅಂತ ಇದ್ದೆ ಅಲ್ವಾ?" ಎಂದಳು.

"ಹೂಂ."

"ನಾನೂ."

ಚೀಲ ಎತ್ತಿಕೊಂಡೆ. ಟವೆಲಿನಿಂದ ಅವಳ ತಲೆ ಒರೆಸಿದೆ. ಚಿಕ್ಕವಳಿದ್ದಾಗ ಒರೆಸಿದರೆ ರಾಗ ಎಳೆಯುತ್ತಿದ್ದಳು. ಮೊನ್ನೆಯೂ ಎಳೆದಳು. ನಿನ್ನ ದಪ್ಪ ಬಾಗಿಲು ಇದ್ದಿದ್ದರೂ ಕೇಳಿಸುತ್ತಿತ್ತು.

ಊಟಕ್ಕೆ ಕೂತಾಗ ಕಿವಿಯ ಬಿರಡೆ ತೆಗೆದು ಮೇಜಿನ ಮೇಲಿಟ್ಟಳು. "ಅಮ್ಮ ಆ ಮನೆ ಬಗ್ಗೆ ನಿಂಗೆ ದಿನಾ ಹೇಳ್ತಿದ್ಳಲ್ಲ. ನಾನು ಕೇಳಿಸ್ಕೊಳ್ತಿರಲಿಲ್ಲ. ಹೇಳು" ಎಂದಳು. ಹೇಳಿದೆ. ಒಂದೇ ಅಂತಸ್ತು, ಮೆಟ್ಟಿಲೂ ಇಲ್ಲ ಲಿಫ್ಟೂ ಇಲ್ಲ ಎಂದೆ. ಮುಂಬಾಗಿಲಿನ ಕೆಂಪು, ಹಜಾರದ ನೀಲಿ, ಕಿಟಕಿಯ ಚೌಕಟ್ಟಿನ ಹಳದಿ. ಅವಳ ಕೋಣೆಗೆ ಎಳೆ ಹಸಿರು ಎಂದಾಗ, "ನಂಗೆ ಹಸಿರು ಇಷ್ಟ ಇಲ್ಲ ಅಂತ ಅವಳಿಗೆ ಗೊತ್ತಿತ್ತು" ಎಂದಳು. "ಗೊತ್ತಿತ್ತು, ಹೊಡೆದ ಮೇಲೆ ಇಷ್ಟ ಆಗುತ್ತೆ ಅಂದಿದ್ಳು" ಎಂದೆ. ತಟ್ಟೆಯಲ್ಲಿ ಬೆರಳಾಡಿಸುತ್ತಾ ಎಲ್ಲ ಕೇಳಿದಳು. ಹಿಂದಿನ ಕೋಣೆಗೆ ಬಂದೆ.

"ಅದಕ್ಕೆ ಯಾವ ಬಣ್ಣ?"

"ಗೊತ್ತಿಲ್ಲ" ಎಂದೆ. "ಹೇಳಲಿಲ್ಲ."

ಇಬ್ಬರೂ ಎದುರಿನ ಗೋಡೆ ನೋಡಿದೆವು. ಹಾಲು ಒಡೆದ ಬಣ್ಣದ ಗೋಡೆ.

ಬರೆಯಬೇಕಾದ್ದು ಇಷ್ಟೇ. ಮಗಳ ಬಗ್ಗೆ ಚಿಂತಿಸಬೇಡ, ಅವಳು ಮತ್ತೆ ಕುಂಯ್‌ಗುಟ್ಟುತ್ತಿದ್ದಾಳೆ. ಉಳಿದ ಕೋಣೆಗಳನ್ನು ನಾವಿಬ್ಬರೂ ಬಾಯಲ್ಲಿ ಇಟ್ಟುಕೊಂಡಿರುತ್ತೇವೆ. ಹಿಂದಿನ ಕೋಣೆಯದು ನಿನ್ನ ಹತ್ತಿರವೇ ಇರಲಿ. ಎರಡನೇ ಕೋಟ್ ನಿಧಾನವಾಗಿ ಒಣಗಲಿ, ಅವಸರವಿಲ್ಲ. ಮಗಳು ತನ್ನ ಮನೆಯ ಗೋಡೆಗೆ ತನಗೆ ಬೇಕಾದ ಬಣ್ಣ ಹೊಡೆಯುವುದನ್ನು ನೋಡಿಕೊಂಡು ನಿನ್ನ ಹತ್ತಿರ ಬರುತ್ತೇನೆ. ಬಂದಾಗ ಬೆಲ್ ಒತ್ತುವುದಿಲ್ಲ, ಕೂಗುತ್ತೇನೆ, ನಿನ್ನದೇ ಆ ಮಾತಿನಲ್ಲಿ. ಅಲ್ಲಿಯವರೆಗೆ ನಿನ್ನ ಉಗುರಿನ ಬಣ್ಣವನ್ನು ಯಾರೂ ಒರೆಸದಿರಲಿ.

ಇನ್ನೂ ನೆಲದ ಮೇಲೇ ಇರುವ,
ನಿನ್ನ ಮಹಡಿರಾಯ